ಕ್ಯಾಮೆರಾ ತಿಂದಿತಾ ಆ ಕಂಠವನ್ನು? ಅನ್ನಾ ಮೋಫೋ ಬಗ್ಗೆ ನಿಮ್ಮ ಪ್ರಶ್ನೆಗಳು

ಕಳೆದ ಸಂಚಿಕೆಯಲ್ಲಿ ಒಪೆರಾ ಗಾಯಕಿ ಅನ್ನಾ ಮೋಫೋ ಬಗ್ಗೆ ಒಂದೇ ಒಂದು ಪ್ಯಾರಾ ಬರೆದಿದ್ದೆ. ಟಿವಿಯಿಂದ ಮೇಲೆ ಬಂದ ಮೊದಲ ದೊಡ್ಡ ಸೊಪ್ರಾನೋಗಳಲ್ಲಿ ಇವರೊಬ್ಬರು, ನಲವತ್ತು ದಾಟುತ್ತಲೇ ದನಿ ಕೈಕೊಟ್ಟಿತು ಅಂತ ಹೇಳಿ ಮುಂದಿನ ವಿಷಯಕ್ಕೆ ಹೋಗಿದ್ದೆ. ಅದಕ್ಕೆ ಇಷ್ಟೊಂದು ಪತ್ರ ಬರುತ್ತೆ ಅಂದುಕೊಂಡಿರಲಿಲ್ಲ. ಹಾಗಾಗಿ ಈ ಸಲದ ಅಂಕಣ ಪೂರ್ತಿ ಅವರಿಗೇ. ಒಂದೇ ಥರದ ಪ್ರಶ್ನೆಗಳನ್ನು ಸೇರಿಸಿ ಒಂದೇ ಮಾಡಿದ್ದೇನೆ.

ಪ್ರಶ್ನೆ: ಮೊದಲು ಇದನ್ನು ಹೇಳಿ. ಸೊಪ್ರಾನೋ ಅಂದ್ರೆ ಏನು? ಒಪೆರಾದಲ್ಲಿ ಹಾಡುವ ಹೆಂಗಸರಿಗೆಲ್ಲ ಹಾಗೇ ಕರೀತಾರಾ?

ಇಲ್ಲ. ಹೆಣ್ಣು ದನಿಗಳಲ್ಲಿ ಎಲ್ಲಕ್ಕಿಂತ ಮೇಲೆ ಓಡಾಡುವ ದನಿ ಸೊಪ್ರಾನೋ. ಅದಕ್ಕಿಂತ ಕೆಳಗಿನದು ಮೆಝೋ, ಅದಕ್ಕೂ ಕೆಳಗೆ ಕಾಂಟ್ರಾಲ್ಟೋ. ಸೊಪ್ರಾನೋದಲ್ಲೂ ಬಗೆ ಇವೆ. ಸರಸರ ಸ್ವರ ಉದುರಿಸಿ ತೀರಾ ಮೇಲಕ್ಕೆ ಹೋಗುವ ತೆಳು ದನಿ ಕೊಲೊರಾತುರಾ. ನಡುವಿನ, ಮೃದುವಾದ, ಉದ್ದುದ್ದ ಸಾಲು ಎಳೆಯುವ ದನಿ ಲಿರಿಕ್. ಇಡೀ ವಾದ್ಯಮೇಳದ ಮೇಲೆ ಎದ್ದು ನಿಲ್ಲುವ ದಪ್ಪ ದನಿ ಡ್ರಮಾಟಿಕ್. ಮೋಫೋ ಅವರದ್ದು ಲಿರಿಕ್ ದನಿ, ಆದರೆ ಕೊಲೊರಾತುರಾ ಪಾತ್ರಗಳನ್ನೂ ಮಾಡುತ್ತಿದ್ದರು. ಇದನ್ನು ಸ್ವಲ್ಪ ನೆನಪಿಡಿ, ಮುಂದೆ ಬೇಕಾಗುತ್ತೆ.

ಪ್ರಶ್ನೆ: ಟಿವಿಯಿಂದ ಬಂದರು ಅಂದಿದ್ದೀರಿ. ಒಪೆರಾ ಗಾಯಕಿ ಮೊದಲು ವೇದಿಕೆಯಲ್ಲಿ ಹೆಸರು ಮಾಡಿ ಆಮೇಲೆ ಟಿವಿಗೆ ಬರೋದಲ್ವಾ?

ಸಾಮಾನ್ಯವಾಗಿ ಹಾಗೇ. ಇವರದ್ದು ಉಲ್ಟಾ ದಾರಿ, ಅದಕ್ಕೇ ನನಗೆ ಇವರ ಕಥೆ ಅಷ್ಟು ಹಿಡಿಸಿದ್ದು.

ಹುಟ್ಟಿದ್ದು 1932ರಲ್ಲಿ, ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದ ವೇಯ್ನ್ ಅನ್ನೋ ಚಿಕ್ಕ ಊರಿನಲ್ಲಿ. ಮನೆಯವರು ಇಟಲಿ ಮೂಲದವರು, ಅಪ್ಪ ಬೂಟು ಹೊಲಿಯುತ್ತಿದ್ದವರು. ಹೈಸ್ಕೂಲ್ ಮುಗಿಸಿದಾಗಲೇ ಹಾಲಿವುಡ್‌ನಿಂದ ಕರೆ ಬಂದಿತ್ತು, ಹುಡುಗಿ ಕ್ರೈಸ್ತ ಸನ್ಯಾಸಿನಿ ಆಗ್ತೀನಿ ಅಂತ ಬೇಡ ಅಂದಳು ಅಂತ ಅವರ ಬಗ್ಗೆ ಬರೆದವರೆಲ್ಲ ಹೇಳುತ್ತಾರೆ. ಸನ್ಯಾಸವೂ ಆಗಲಿಲ್ಲ. ಫಿಲಡೆಲ್ಫಿಯಾದ ಸಂಗೀತ ಶಾಲೆ ಕರ್ಟಿಸ್ ಇನ್‌ಸ್ಟಿಟ್ಯೂಟ್‌ನಲ್ಲಿ ವಿದ್ಯಾರ್ಥಿವೇತನ ಸಿಕ್ಕಿತು. ಅಲ್ಲಿ ಕಲಿತು, ಹೊರದೇಶದಲ್ಲಿ ಕಲಿಯಲು ಅಮೆರಿಕ ಕೊಡುವ ಫುಲ್‌ಬ್ರೈಟ್ ವೇತನ ಸಿಕ್ಕಿ ರೋಮ್‌ಗೆ ಹೋದರು. 1955ರಲ್ಲಿ ಸ್ಪೊಲೆಟೋ ಊರಿನಲ್ಲಿ 'ಡಾನ್ ಪಾಸ್ಕ್ವಾಲೆ'ಯ ನೊರೀನಾ ಪಾತ್ರದಿಂದ ಮೊದಲ ವೇದಿಕೆ. ಆಗ ಇವರು ಯಾರು ಅಂತ ಯಾರಿಗೂ ಗೊತ್ತಿಲ್ಲ.

ಇಟಲಿಯ ಸರ್ಕಾರಿ ಟಿವಿ ರಾಯ್ ಶುರುವಾಗಿದ್ದು 1954ರ ಜನವರಿ 3ಕ್ಕೆ. ಅಂದರೆ ಟಿವಿ ಅನ್ನೋದೇ ಇನ್ನೂ ಅಂಬೆಗಾಲಿಡುತ್ತಿತ್ತು. ಮನೆಮನೆಯಲ್ಲಿ ಸೆಟ್ ಇರಲಿಲ್ಲ, ಬಾರುಗಳಲ್ಲಿ, ಇದ್ದವರ ಮನೆಯಲ್ಲಿ ಜನ ಸೇರಿ ನೋಡುತ್ತಿದ್ದರು. ಆ ಟಿವಿಯ ನಿರ್ದೇಶಕ ಮಾರಿಯೋ ಲಾನ್‌ಫ್ರಾಂಕಿ ಪುಚ್ಚೀನಿಯ 'ಮದಾಮ ಬಟರ್‌ಫ್ಲೈ' ಮಾಡಲು ಹೊರಟಾಗ, ಹೆಸರಿದ್ದ ಯಾರನ್ನೂ ಕರೆಯದೆ ಈ 23ರ ಅಮೆರಿಕನ್ ಹುಡುಗಿಯನ್ನು ಆರಿಸಿದರು. 1956ರ ಜನವರಿ 24ಕ್ಕೆ ಪ್ರಸಾರವಾಯಿತು. ಮಾರನೇ ದಿನದಿಂದ ಅನ್ನಾ ಮೋಫೋ ಇಟಲಿಗೆಲ್ಲ ಪರಿಚಯ. ಅದೇ ವರ್ಷ ಟಿವಿಯಲ್ಲಿ ಇನ್ನೆರಡು ಒಪೆರಾ. ಮರುವರ್ಷ ಡಿಸೆಂಬರ್‌ನಲ್ಲಿ ಆ ನಿರ್ದೇಶಕರನ್ನೇ ಮದುವೆಯಾದರು.

ಯಾಕೆ ಅಷ್ಟು ಹಿಡಿಸಿತು? ಬಟರ್‌ಫ್ಲೈ ಕಥೆಯ ಹುಡುಗಿ ಚೋ-ಚೋ-ಸಾನ್‌ಗೆ ಹದಿನೈದು ವರ್ಷ. ಆದರೆ ಪುಚ್ಚೀನಿ ಬರೆದ ಸಂಗೀತ ಹದಿನೈದರ ಹುಡುಗಿ ಹಾಡುವಂಥದ್ದಲ್ಲ. ತುಂಬ ಭಾರದ ಪಾತ್ರ, ಹೆಚ್ಚುಕಡಿಮೆ ಇಡೀ ಹೊತ್ತು ಅವಳು ವೇದಿಕೆ ಮೇಲೇ ಇರಬೇಕು, ಕೆಳಗಿಂದ ದೊಡ್ಡ ವಾದ್ಯಮೇಳ ನುಗ್ಗುತ್ತಿರುತ್ತೆ. ಹಾಗಾಗಿ ಥಿಯೇಟರಿನಲ್ಲಿ ಈ ಪಾತ್ರ ಮಾಡುತ್ತಿದ್ದವರು ಮಾಗಿದ ದನಿಯ, ವಯಸ್ಸೂ ಆದ ಗಾಯಕಿಯರು. ದೂರದಿಂದ ನೋಡೋರಿಗೆ ಅದು ತೊಂದರೆಯಲ್ಲ, ಕಿವಿ ನಂಬಿದರೆ ಸಾಕು. ಟಿವಿಯಲ್ಲಿ ಮುಖ ಒಂದು ಮೊಳ ದೂರದಲ್ಲಿರುತ್ತೆ. ಅಲ್ಲಿ ದೊಡ್ಡ ಕಣ್ಣಿನ ಈ ಹುಡುಗಿ ಬಂದು ನಿಂತಾಗ ಜನ ಮೊದಲ ಸಲ ಹದಿನೈದರ ಚೋ-ಚೋ-ಸಾನ್‌ಳನ್ನು ಕಣ್ಣಾರೆ ಕಂಡರು. ಮೈಕ್ ಇದ್ದಿದ್ದರಿಂದ ತೆಳು ದನಿಗೂ ಭಾರ ಹೊರೋದು ಸಾಧ್ಯವಾಯಿತು.

ಪ್ರಶ್ನೆ: ಹಾಗಾದ್ರೆ ಥಿಯೇಟರಿನಲ್ಲಿ ಮೈಕ್ ಇರಲ್ವಾ? ಸಾವಿರಾರು ಜನಕ್ಕೆ ಹೇಗೆ ಕೇಳಿಸುತ್ತೆ?

ಇರಲ್ಲ. ದೊಡ್ಡ ಒಪೆರಾ ಮನೆಗಳಲ್ಲಿ ಗಾಯಕರ ದನಿಗೆ ಮೈಕ್ ಕಟ್ಟುವ ಪದ್ಧತಿಯೇ ಇಲ್ಲ. ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾ, ಎಲ್ಲರೂ ಮೆಟ್ ಅಂತಾರಲ್ಲ ಅದರ ಈಗಿನ ಕಟ್ಟಡ 1966ರಲ್ಲಿ ತೆರೆಯಿತು, ಸುಮಾರು 3,800 ಸೀಟು. ಕೊನೇ ಸಾಲಿನವರಿಗೂ ಬರಿಗಂಟಲಲ್ಲೇ ಮುಟ್ಟಿಸಬೇಕು, ನಡುವೆ ವಾದ್ಯಮೇಳ ಬೇರೆ.

ಕೂಗಿದರೆ ಆಗಲ್ಲ. ಕೂಗಿದ ದನಿ ಅರ್ಧ ಗಂಟೆಯಲ್ಲಿ ಒಡೆದುಹೋಗುತ್ತೆ. ಉಪಾಯ ಇರೋದು ಗಂಟಲು ಮತ್ತು ಬಾಯಿಯ ಆಕಾರದಲ್ಲಿ. ಖಾಲಿ ಬಾಟಲಿಯ ಬಾಯಿಗೆ ಊದಿದಾಗ ಅದಕ್ಕೊಂದು ತನ್ನದೇ ಸ್ವರ ಇರುತ್ತಲ್ವಾ, ನಮ್ಮ ಗಂಟಲು-ಬಾಯಿ ಸೇರಿದ ಕೊಳವೆಗೂ ಹಾಗೇ. ಸೊಪ್ರಾನೋ ಮೇಲಿನ ಸ್ವರಕ್ಕೆ ಹೋಗುವಾಗ ದವಡೆ ಇಳಿಸಿ, ಬಾಯಿ ಅಗಲಿಸಿ ಆ ಕೊಳವೆಯ ಸ್ವರವನ್ನು ತಾನು ಹಾಡುತ್ತಿರುವ ಸ್ವರಕ್ಕೇ ಹೊಂದಿಸುತ್ತಾಳೆ. ಎರಡೂ ಕೂಡಿಕೊಂಡಾಗ ಜಾಸ್ತಿ ಉಸಿರಿಲ್ಲದೆಯೇ ದನಿ ಎರಡು ಪಟ್ಟು ಮೂರು ಪಟ್ಟಾಗಿ ಹೊರಗೆ ಬರುತ್ತೆ. ತುಂಬ ಮೇಲಿನ ಸ್ವರಗಳಲ್ಲಿ ಮಾತು ಸರಿಯಾಗಿ ಗೊತ್ತಾಗಲ್ಲ, ಎಲ್ಲ 'ಆ' ಥರ ಕೇಳಿಸುತ್ತೆ ಅಂತ ಒಬ್ಬರು ದೂರಿದ್ದಾರೆ. ಕಾರಣ ಇದೇ. ಬಾಯಿ ಅಷ್ಟು ತೆರೆದಾಗ 'ಇ' ಅನ್ನೋಕೆ ಜಾಗವೇ ಇರಲ್ಲ.

ಪ್ರಶ್ನೆ: ಒಪೆರಾ ಸಿನಿಮಾಗಳಲ್ಲಿ ನಟಿಯರೇ ಹಾಡ್ತಾರಾ? ಅಥವಾ ನಮ್ಮ ಹಾಗೆ ಹಿನ್ನೆಲೆ ಗಾಯನವಾ?

ಎರಡೂ ಇದೆ. 1953ರ ಇಟಾಲಿಯನ್ ಸಿನಿಮಾ 'ಆಯ್ದಾ'ದಲ್ಲಿ ತೆರೆಯ ಮೇಲೆ ಸೋಫಿಯಾ ಲೋರೆನ್, ದನಿ ರೆನಾಟಾ ತೆಬಾಲ್ಡಿಯವರದ್ದು. ಪೂರ್ತಿ ನಮ್ಮ ಹಿನ್ನೆಲೆ ಗಾಯನದ ಲೆಕ್ಕವೇ. ಮೋಫೋ ಸಿನಿಮಾಗಳ ವಿಶೇಷ ಏನಂದ್ರೆ ಮುಖವೂ ಅವರದ್ದೇ, ದನಿಯೂ ಅವರದ್ದೇ. ಲಾನ್‌ಫ್ರಾಂಕಿ ನಿರ್ದೇಶನದಲ್ಲಿ 1968ರಲ್ಲಿ 'ಲಾ ತ್ರಾವಿಯಾತಾ', 1971ರಲ್ಲಿ 'ಲೂಚಿಯಾ ದಿ ಲಾಮೆರ್‌ಮೂರ್' ಬಂದವು. ಇಂಥ ಸಿನಿಮಾಗಳಿಗೆ ಹಾಡನ್ನೆಲ್ಲ ಮೊದಲೇ ರೆಕಾರ್ಡ್ ಮಾಡಿಕೊಂಡು, ಆಮೇಲೆ ಅದಕ್ಕೆ ತುಟಿ ಕೂಡಿಸಿ ಚಿತ್ರೀಕರಿಸುವುದು ವಾಡಿಕೆ. ತಮ್ಮ ಹಾಡಿಗೆ ತಾವೇ ತುಟಿ ಕೂಡಿಸೋದು!

ಹಾಗೆ ಯಾಕೆ ಅಂತ ಕೇಳಬಹುದು. ಮೇಲೆ ಹೇಳಿದ ದವಡೆ ನೆನಪಿಸಿಕೊಳ್ಳಿ. ನಿಜವಾಗಿ ಹಾಡುವಾಗ ಮುಖ ಚೆನ್ನಾಗಿ ಕಾಣಲ್ಲ. ದವಡೆ ಎದೆಗೆ ಇಳಿದಿರುತ್ತೆ, ಕತ್ತಿನ ನರ ಉಬ್ಬಿರುತ್ತೆ, ನಾಲಗೆ ಕಾಣುತ್ತೆ, ಕೆಲವೊಮ್ಮೆ ಎಂಜಲೂ ಹಾರುತ್ತೆ. ನೂರು ಅಡಿ ದೂರದಲ್ಲಿ ಕೂತವರಿಗೆ ಇದ್ಯಾವುದೂ ಇಲ್ಲ. ಕ್ಲೋಸಪ್‌ನಲ್ಲಿ ಬರೀ ಅದೇ ಇರುತ್ತೆ. ರೆಕಾರ್ಡಿಗೆ ತುಟಿ ಕೂಡಿಸಿದರೆ ಬಾಯಿ ಅರ್ಧ ತೆರೆದರೂ ಸಾಕು, ಕಣ್ಣಿಗೆ ಕೆಲಸ ಕೊಡಬಹುದು. ಆದರೆ ಅದಕ್ಕೊಂದು ಬೆಲೆ ಇದೆ. ಉಸಿರು ತಗೊಳ್ಳೋದು ಕಾಣಲ್ಲ, ಪಕ್ಕೆ ಅಲುಗಲ್ಲ. ದನಿ ಎಲ್ಲಿಂದಲೋ ಬರುತ್ತಿದೆ, ಮುಖ ಸುಮ್ನೆ ಇದೆ ಅನ್ನಿಸಿಬಿಡುತ್ತೆ. ಒಪೆರಾ ಸಿನಿಮಾ ಹಿಡಿಸಲ್ಲ ಅನ್ನುವವರು ಹೇಳೋದು ಇದನ್ನೇ, ಅವರ ಮಾತಲ್ಲಿ ಹುರುಳಿದೆ.

ಆದರೂ ಕ್ಯಾಮೆರಾ ಗೆಲ್ಲುವ ಒಂದು ಜಾಗ ನಾನು ತೋರಿಸಬಲ್ಲೆ. 'ಲಾ ತ್ರಾವಿಯಾತಾ'ದ ಕೊನೇ ಅಂಕ. ನಾಯಕಿ ವಿಯೊಲೆತ್ತಾ ಕ್ಷಯದಿಂದ ಹಾಸಿಗೆ ಹಿಡಿದಿದ್ದಾಳೆ. ಪ್ರಿಯಕರನ ಅಪ್ಪ ಬರೆದ ಕಾಗದ ತೆಗೆದು ಓದುತ್ತಾಳೆ. ಅದನ್ನು ಅವಳು ಹಾಡಲ್ಲ, ಓದುತ್ತಾಳೆ. ಇಡೀ ಒಪೆರಾ ಹಾಡಿಕೊಂಡೇ ಬಂದವಳು ಇಲ್ಲಿ ಬರೀ ಮಾತಾಡುತ್ತಾಳೆ, ಹಿಂದೆ ಪಿಟೀಲಿನಲ್ಲಿ ಮೊದಲ ಅಂಕದ ಪ್ರೇಮದ ಸಾಲು ಸಣ್ಣಗೆ ಬರುತ್ತಿರುತ್ತೆ. ಓದಿ ಮುಗಿಸಿ "ಎ ತಾರ್ದಿ" ಅಂತಾಳೆ. ಹೊತ್ತಾಗಿ ಹೋಯಿತು ಅಂತ ಅರ್ಥ. ದೊಡ್ಡ ಥಿಯೇಟರಿನಲ್ಲಿ ಈ ಕಾಗದ ಓದೋದು ಗಾಯಕಿಯರಿಗೆ ತಲೆನೋವು, ಯಾಕಂದ್ರೆ ಹಾಡುವ ದನಿ ಹಿಂದಿನ ಸಾಲಿಗೆ ಮುಟ್ಟುತ್ತೆ, ಮಾತಾಡುವ ದನಿ ಮುಟ್ಟಲ್ಲ. ಸಾಯುತ್ತಿರುವವಳು ಜೋರಾಗಿ ಓದಬೇಕಾಗುತ್ತೆ. ಮೈಕ್ ಮುಂದೆ ಅವಳು ಪಿಸುಗುಟ್ಟಬಹುದು, ತನಗೆ ತಾನೇ ಓದಿಕೊಳ್ಳಬಹುದು. ಅದರ ನಂತರದ ಹಾಡಿನ ಕೊನೇ ಸ್ವರಕ್ಕೆ ಈ ಒಪೆರಾದ ಸಂಗೀತ ರಚಿಸಿದ ವೆರ್ದಿ ಬರೆದಿರೋದು 'ದನಿಯ ಒಂದು ಎಳೆಯಷ್ಟೇ' ಅಂತ. ಆ ಎಳೆ ಮೈಕ್‌ಗೆ ಸಿಕ್ಕಷ್ಟು ಚೆನ್ನಾಗಿ ಕೊನೇ ಸಾಲಿನ ಪ್ರೇಕ್ಷಕನಿಗೆ ಸಿಗಲ್ಲ. ಮೋಫೋ ಥರದ ಗಾಯಕಿಗೆ, ದನಿಯ ದಪ್ಪಕ್ಕಿಂತ ಬಣ್ಣ ಜಾಸ್ತಿ ಇದ್ದವರಿಗೆ, ಇಂಥ ಕಡೆ ಸಿನಿಮಾ ಎಷ್ಟು ಅನುಕೂಲ ನೋಡಿ.

ಪ್ರಶ್ನೆ: ಅವರು ಒಪೆರಾ ಅಲ್ಲದ ಸಿನಿಮಾಗಳಲ್ಲೂ ನಟಿಸಿದ್ದಾರಂತೆ. ಒಂದರಲ್ಲಿ ನಗ್ನ ದೃಶ್ಯವೂ ಇತ್ತು ಅಂತ ಓದಿದೆ. ಅಷ್ಟು ದೊಡ್ಡ ಗಾಯಕಿಗೆ ಅದೆಲ್ಲ ಯಾಕೆ ಬೇಕಿತ್ತು?

ನಟಿಸಿದ್ದಾರೆ. 1960ರಲ್ಲಿ ಆಬೆಲ್ ಗಾನ್ಸ್ ಅವರ ಆಸ್ಟರ್‌ಲಿಟ್ಸ್ ಯುದ್ಧದ ಸಿನಿಮಾದಲ್ಲಿ ನೆಪೋಲಿಯನ್ ಕಾಲದ ಒಬ್ಬ ಒಪೆರಾ ಗಾಯಕಿಯ ಪಾತ್ರವನ್ನೇ ಮಾಡಿದರು. ನೀವು ಕೇಳುತ್ತಿರೋದು 1969ರ 'ಉನಾ ಸ್ತೋರಿಯಾ ದಾಮೋರೆ' ಬಗ್ಗೆ. ಆ ದೃಶ್ಯದ ಸುದ್ದಿ ದೊಡ್ಡದಾಗಿ ಬಂತು, ಹಾಡಿನ ಬಗ್ಗೆ ಬರೆಯಬೇಕಾದವರೂ ಅದನ್ನೇ ಬರೆದರು. ಬೇಕಿತ್ತಾ ಬೇಡವಾ ಅನ್ನೋದು ಅವರ ನಿರ್ಧಾರ. ನನಗೆ ಬೇಜಾರಾಗೋದು ಬೇರೆ ವಿಷಯಕ್ಕೆ. ಆಗಲೇ ಹದಿನಾಲ್ಕು ವರ್ಷದಿಂದ ವೇದಿಕೆಯಲ್ಲಿ ಹಾಡುತ್ತಿದ್ದ, ಕರಾಯನ್, ಜುಲೀನಿ, ಶೋಲ್ಟಿ ಥರ ವಾದ್ಯಮೇಳ ನಡೆಸುವ ಘಟಾನುಘಟಿಗಳ ಜೊತೆ ರೆಕಾರ್ಡ್ ಮಾಡಿದ್ದ ಒಬ್ಬ ಸಂಗೀತಗಾರ್ತಿಯನ್ನು ಅಂದಿನಿಂದ ಬರೀ 'ಚೆಲುವೆ' ಅಂತ ಪಕ್ಕಕ್ಕಿಟ್ಟರು. ಇವರು ಪಿಯಾನೋ ಕಲಿತವರು, ಸ್ವರಲಿಪಿ ನೋಡಿ ಹೊಸ ಪಾತ್ರಗಳನ್ನು ಬೇಗ ಕಲಿಯುವವರು. ಅದನ್ನು ಯಾರೂ ಹೇಳಲ್ಲ.

ಪ್ರಶ್ನೆ: ನೇರವಾಗಿ ಹೇಳಿ. ಟಿವಿ, ಸಿನಿಮಾ ಅಂತ ಓಡಾಡಿಯೇ ಅವರ ದನಿ ಹೋಯಿತಲ್ವಾ? (ಇದನ್ನೇ ಐದಾರು ಮಂದಿ ಕೇಳಿದ್ದಾರೆ.)

ಇದಕ್ಕೆ ಹೌದು ಅಂದುಬಿಡೋದು ಸುಲಭ. ಎಲ್ಲರೂ ಅಂದಿದ್ದಾರೆ. ನಾನು ಒಪ್ಪಲ್ಲ, ಅಂದ್ರೆ ಪೂರ್ತಿ ಒಪ್ಪಲ್ಲ. ಯಾಕೆ ಅಂತ ಸ್ವಲ್ಪ ಉದ್ದಕ್ಕೇ ಹೇಳಬೇಕು.

ಮೊದಲು ಏನಾಯಿತು ಅಂತ ನೋಡೋಣ. 1957ರಲ್ಲಿ ಶಿಕಾಗೋದಲ್ಲಿ ಹೆಸರಾಂತ ಗಾಯಕ ಯುಸ್ಸಿ ಬ್ಯೋರ್ಲಿಂಗ್ ಜೊತೆ 'ಲಾ ಬೊಯೆಮ್'ನ ಮಿಮಿಯಾಗಿ ಅಮೆರಿಕದ ಮೊದಲ ವೇದಿಕೆ. 1959ರ ನವೆಂಬರ್ 14ಕ್ಕೆ ಮೆಟ್‌ನಲ್ಲಿ ವಿಯೊಲೆತ್ತಾ. ಅಲ್ಲಿಂದ ಹದಿನೇಳು ವರ್ಷ ಮೆಟ್‌ನಲ್ಲಿ 200ಕ್ಕೂ ಜಾಸ್ತಿ ಪ್ರದರ್ಶನ. ಲೂಚಿಯಾ, ಗಿಲ್ದಾ, ಮಿಮಿ, ಲಿಯೂ, ಪಮೀನಾ, ಮನೋನ್, ಮೆಲಿಸಾಂದ್, ಇನ್ನೂ ಎಷ್ಟೋ ಪಾತ್ರಗಳು. 'ದ ಟೇಲ್ಸ್ ಆಫ್ ಹಾಫ್‌ಮನ್'ನಲ್ಲಿ ನಾಲ್ಕು ನಾಯಕಿಯರ ಪಾತ್ರವೂ ಒಬ್ಬರೇ. ಇದರ ಜೊತೆಗೆ ಯುರೋಪಿನ ವೇದಿಕೆಗಳು. ಜೊತೆಗೆ ಆರ್‌ಸಿಎ ಕಂಪನಿಗೆ ಒಂದರ ಹಿಂದೆ ಒಂದು ಪೂರ್ತಿ ಒಪೆರಾ ರೆಕಾರ್ಡಿಂಗ್. ಜೊತೆಗೆ ಇಟಲಿ ಟಿವಿಯಲ್ಲಿ ಅವರದ್ದೇ ಹೆಸರಿನ 'ಅನ್ನಾ ಮೋಫೋ ಶೋ'. ಜೊತೆಗೆ ಸಿನಿಮಾ. ಅಟ್ಲಾಂಟಿಕ್ ಸಾಗರದ ಆಚೆಗೂ ಈಚೆಗೂ ವಿಮಾನ. ಅರವತ್ತರ ದಶಕದ ಕೊನೆಗೆ ದನಿಯಲ್ಲಿ ಬಿರುಕು ಕಾಣಿಸಿತು. 1972ರಲ್ಲಿ ಲಾನ್‌ಫ್ರಾಂಕಿ ಜೊತೆ ಮದುವೆ ಮುರಿಯಿತು. 1974ರಲ್ಲಿ ಗಂಟಲು ಪೂರ್ತಿ ಕೈಕೊಟ್ಟಿತು. ಆಗ ಅವರಿಗೆ 42. ಸೊಪ್ರಾನೋಗೆ ಅದು ದನಿ ಮಾಗಿ ತುಂಬಿಕೊಂಡಿರುವ ವಯಸ್ಸು.

ಈಗ ಗಂಟಲಿನ ಲೆಕ್ಕ ನೋಡಿ. ಹೆಂಗಸರ ಗಂಟಲಿನ ಧ್ವನಿತಂತುಗಳ ಉದ್ದ ಸುಮಾರು ಒಂದು ಸೆಂಟಿಮೀಟರ್, ಸ್ವಲ್ಪ ಹೆಚ್ಚುಕಡಿಮೆ. ವಿಯೊಲೆತ್ತಾ ಕೊನೇ ಅಂಕದ ಆ ಎಳೆಯಂಥ ಸ್ವರ ಹಿಡಿದಾಗ ಅವು ಸೆಕೆಂಡಿಗೆ ಸುಮಾರು 880 ಸಲ ಒಂದಕ್ಕೊಂದು ತಾಗುತ್ತವೆ. ಮೊದಲ ಅಂಕದ ಮೇಲಿನ ಸ್ವರಗಳಲ್ಲಿ ಸಾವಿರ ದಾಟುತ್ತೆ. ಒಂದು ಸಂಜೆಗೆ ಎಷ್ಟು ಲಕ್ಷ ಸಲ ಅಂತ ನೀವೇ ಲೆಕ್ಕ ಹಾಕಿ. ತಾಗಿ ತಾಗಿ ಅವು ಊದಿಕೊಳ್ಳುತ್ತವೆ. ಸುಮ್ಮನಿದ್ದರೆ ಊತ ಇಳಿಯುತ್ತೆ. ಹಾಗಾಗಿ ಗಾಯಕಿಯರು ಎರಡು ಪ್ರದರ್ಶನದ ನಡುವೆ ಎರಡು ಮೂರು ದಿನ ಬಿಡುತ್ತಾರೆ, ಆ ದಿನಗಳಲ್ಲಿ ಮಾತೂ ಕಮ್ಮಿ. ಊತ ಇಳಿಯೋ ಮೊದಲೇ ಮತ್ತೆ ಹಾಡಿದರೆ ಅದೇ ಸ್ವರ ತೆಗೆಯಲು ಇನ್ನೂ ಜಾಸ್ತಿ ಒತ್ತಬೇಕು, ಒತ್ತಿದಷ್ಟೂ ಊತ. ಹೀಗೆ ಶುರುವಾದ ಸುತ್ತು ನಿಲ್ಲೋದು ಕಷ್ಟ.

ಇಲ್ಲೇ ನೋಡಿ ನಾನು ಹೇಳಬೇಕಾಗಿರೋದು. ಕ್ಯಾಮೆರಾ ಮುಂದೆ ತುಟಿ ಕೂಡಿಸೋದರಿಂದ ಧ್ವನಿತಂತು ಸವೆಯಲ್ಲ. ಮೈಕ್ ಮುಂದೆ ಸಣ್ಣಗೆ ಹಾಡಿದರೂ ಸವೆಯಲ್ಲ. ಬರೀ ಗಂಟಲಿನ ಲೆಕ್ಕದಲ್ಲಿ ಟಿವಿ ಅವರ ಕೆಲಸಗಳಲ್ಲೇ ಹಗುರವಾದದ್ದು. ದನಿಗೆ ಭಾರವಾಗಿದ್ದು ವೇದಿಕೆ ಮತ್ತು ರೆಕಾರ್ಡಿಂಗ್. ಮೆಟ್‌ನಷ್ಟು ದೊಡ್ಡ ಮನೆಯಲ್ಲಿ ಅವರ ದನಿಗಿಂತ ಒಂದು ಅಳತೆ ದೊಡ್ಡದಾದ ಪಾತ್ರಗಳು, ಅದರ ಮಾರನೇ ವಾರವೇ ತೀರಾ ಮೇಲಿನ ಕೊಲೊರಾತುರಾ ಪಾತ್ರ. ಮೊದಲ ಉತ್ತರದಲ್ಲಿ ನೆನಪಿಡಿ ಅಂದಿದ್ದು ಇದಕ್ಕೇ. ಲಿರಿಕ್ ದನಿಯೊಂದನ್ನು ಒಂದು ವಾರ ಕೆಳಗೆ, ದಪ್ಪಕ್ಕೆ ಎಳೆದು, ಮುಂದಿನ ವಾರ ಮೇಲಕ್ಕೆ, ತೆಳ್ಳಗೆ ಎಳೆದರೆ ಅದು ಎಷ್ಟು ವರ್ಷ ತಾಳುತ್ತೆ?

ಹಾಗಂತ ಟಿವಿಗೆ ಏನೂ ಪಾಲಿಲ್ಲ ಅಂತ ಹೇಳಲ್ಲ. ಟಿವಿ ಕಿತ್ತುಕೊಂಡಿದ್ದು ಅವರ ಸುಮ್ಮನಿರುವ ದಿನಗಳನ್ನು. ಪ್ರದರ್ಶನದ ಮಾರನೇ ದಿನ ಬಾಯಿ ಮುಚ್ಚಿಕೊಂಡು ಮಲಗಬೇಕಾದವರು ಮೇಕಪ್ ಹಾಕಿಕೊಂಡು ದೀಪದ ಕೆಳಗೆ ಹತ್ತು ಗಂಟೆ ಕೂತರು, ಎಲ್ಲರ ಜೊತೆ ಮಾತಾಡಿದರು, ರಾತ್ರಿ ವಿಮಾನ ಹತ್ತಿದರು. ಮೋಫೋ ಅವರೇ ಆಮೇಲೆ ಹೇಳಿಕೊಂಡಿದ್ದಾರೆ, ಅತಿಯಾಗಿ ಕೆಲಸ ಮಾಡಿದೆ, ಅತಿಯಾಗಿ ಓಡಾಡಿದೆ, ಸುಸ್ತಾಗಿಹೋಗಿದ್ದೆ ಅಂತ. ಆ ಮಾತನ್ನು ನಾನು ಹಾಗೇ ನಂಬುತ್ತೇನೆ. ಮತ್ತೆ ಇನ್ನೊಂದು ವಿಷಯ, ಇದು ನನಗೆ ತುಂಬ ಚುಚ್ಚುತ್ತೆ: ಬೇಡ ಅನ್ನೋರು ಅವರ ಸುತ್ತ ಯಾರೂ ಇರಲಿಲ್ಲವಲ್ಲ. ಗಂಡನೇ ನಿರ್ದೇಶಕ. ಕಂಪನಿಗೆ ಅವರ ಮುಖ ಇರುವ ರೆಕಾರ್ಡ್ ಕವರ್ ಬೇಕು. ಥಿಯೇಟರಿಗೆ ಟಿಕೆಟ್ ಹೋಗಬೇಕು. ಎಲ್ಲರಿಗೂ ಅವರು ಹೂಂ ಅನ್ನೋದು ಬೇಕಿತ್ತು.

ಅವರು ಸೋತು ಕೂರಲಿಲ್ಲ. ಮತ್ತೆ ಪಾಠ ಶುರುಮಾಡಿದರು, ದನಿಯನ್ನು ಬುಡದಿಂದ ಕಟ್ಟಿಕೊಂಡು 1976ರಲ್ಲಿ ವೇದಿಕೆಗೆ ಮರಳಿದರು. ಹಳೆಯದು ಪೂರ್ತಿ ಬರಲಿಲ್ಲ. ಆದರೂ 42ರಲ್ಲಿ ಶೂನ್ಯದಿಂದ ಸ್ವರ ಹಾಕೋಕೆ ಎಷ್ಟು ಗುಂಡಿಗೆ ಬೇಕು, ಹಾಡು ಕಲಿತವರಿಗೆ ಗೊತ್ತಿರುತ್ತೆ.

ಪ್ರಶ್ನೆ: ಇವರಿಗಿಂತ ಮೊದಲು ಯಾರೂ ಹೀಗೆ ವೇದಿಕೆ, ಟಿವಿ, ಸಿನಿಮಾ ಅಂತ ಮೂರೂ ಕಡೆ ಕಾಲಿಟ್ಟಿರಲಿಲ್ವಾ?

ಸಿನಿಮಾಕ್ಕೆ ಬಹಳ ಮೊದಲೇ ಹೋಗಿದ್ದಾರೆ. ಮೆಟ್‌ನ ಸೊಪ್ರಾನೋ ಜೆರಾಲ್ಡೀನ್ ಫರಾರ್ 1915ರಲ್ಲಿ ಸೆಸಿಲ್ ಬಿ. ಡಿಮಿಲ್ ನಿರ್ದೇಶನದ 'ಕಾರ್ಮೆನ್' ಮಾಡಿದರು. ಮೂಕಿ ಚಿತ್ರ! ಒಪೆರಾ ಗಾಯಕಿ, ದನಿಯೇ ಇಲ್ಲದ ಸಿನಿಮಾ. ಜನ ಮುಗಿಬಿದ್ದು ನೋಡಿದರು. ಗ್ರೇಸ್ ಮೂರ್ 1934ರ 'ಒನ್ ನೈಟ್ ಆಫ್ ಲವ್'ಗೆ ಆಸ್ಕರ್ ನಾಮಿನೇಷನ್ ಪಡೆದರು. ಆ ಕಾಲದ ದೊಡ್ಡ ಸೊಪ್ರಾನೋ ಮರಿಯಾ ಕಾಲಾಸ್ 1969ರಲ್ಲಿ ಪಸೋಲಿನಿಯ 'ಮೆಡಿಯಾ'ದಲ್ಲಿ ನಟಿಸಿದರು, ಒಂದು ಸ್ವರವನ್ನೂ ಹಾಡಲಿಲ್ಲ.

ಟಿವಿಯಲ್ಲಿ ಮರೆಯಬಾರದ ಹೆಸರು ಲಿಯೊಂಟೀನ್ ಪ್ರೈಸ್. 1955ರಲ್ಲಿ ಅಮೆರಿಕದ ಟಿವಿ ಕಂಪನಿ ಎನ್‌ಬಿಸಿ ಅವರನ್ನು 'ತೋಸ್ಕಾ' ಆಗಿ ಹಾಡಿಸಿತು. ಕಪ್ಪು ಹೆಣ್ಣುಮಗಳು ಬಿಳಿ ಪ್ರಿಯಕರನ ಜೊತೆ ಟಿವಿಯಲ್ಲಿ ಅಂತ ದಕ್ಷಿಣ ರಾಜ್ಯಗಳ ಕೆಲವು ಸ್ಟೇಷನ್‌ಗಳು ಪ್ರಸಾರವನ್ನೇ ಮಾಡಲಿಲ್ಲ. ಮೆಟ್ ಅವರಿಗೆ ಬಾಗಿಲು ತೆರೆದಿದ್ದು 1961ರಲ್ಲಿ. ಅಂದ್ರೆ ಟಿವಿ ಅವರನ್ನು ಆರು ವರ್ಷ ಮೊದಲೇ ಗುರುತಿಸಿತ್ತು. ಟಿವಿ ಬರೀ ಕೆಡಿಸುತ್ತೆ ಅನ್ನುವವರು ಇದನ್ನೂ ಲೆಕ್ಕಕ್ಕೆ ತಗೋಬೇಕು.

ಪ್ರಶ್ನೆ: ಈಗಿನ ಗಾಯಕಿಯರೂ ಚೆಲುವಾಗಿರಲೇಬೇಕಾ? ಕ್ಯಾಮೆರಾ ಬಂದ ಮೇಲೆ ದನಿಗೆ ಬೆಲೆ ಕಮ್ಮಿಯಾಯಿತಾ?

ದನಿಗೆ ಬೆಲೆ ಕಮ್ಮಿಯಾಗಿಲ್ಲ, ಮೈಗೆ ಬೆಲೆ ಜಾಸ್ತಿಯಾಗಿದೆ. 1977ರ ಮಾರ್ಚ್‌ನಲ್ಲಿ ಮೆಟ್ ತನ್ನ 'ಲೈವ್ ಫ್ರಮ್ ದ ಮೆಟ್' ಟಿವಿ ಸರಣಿಯ ಮೊದಲ ನೇರ ಪ್ರಸಾರ ಮಾಡಿತು, 'ಲಾ ಬೊಯೆಮ್', ಪವರೊಟ್ಟಿ ಮತ್ತು ರೆನಾಟಾ ಸ್ಕೊಟ್ಟೊ. ತೆರೆಯ ಮೇಲೆ ತಮ್ಮನ್ನು ನೋಡಿಕೊಂಡ ಸ್ಕೊಟ್ಟೊ ತೂಕ ಇಳಿಸಿದರು. 2004ರಲ್ಲಿ ಲಂಡನ್ನಿನ ರಾಯಲ್ ಒಪೆರಾ ಸೊಪ್ರಾನೋ ಡೆಬೊರಾ ವಾಯ್ಟ್ ಅವರನ್ನು ಒಂದು ಪಾತ್ರದಿಂದ ಕೈಬಿಟ್ಟಿತು, ಆ ಪಾತ್ರಕ್ಕೆ ಹೊಲಿಸಿದ್ದ ಕಪ್ಪು ಉಡುಪು ಅವರಿಗೆ ಒಪ್ಪಲ್ಲ ಅಂತ. ಅಂಥ ದನಿಯನ್ನು ಬಟ್ಟೆಗೋಸ್ಕರ ಬಿಡೋದು ತಪ್ಪು ಅಂತ ನನಗೆ ಆಗಲೂ ಅನ್ನಿಸಿತ್ತು, ಈಗಲೂ ಅನ್ನಿಸುತ್ತೆ. 2008ರಲ್ಲಿ ಅವರು ಅದೇ ಪಾತ್ರಕ್ಕೆ ಅಲ್ಲಿಗೇ ಹೋಗಿ ಹಾಡಿದರು. 2006ರ ಡಿಸೆಂಬರ್ 30ರಿಂದ ಮೆಟ್ ತನ್ನ ಪ್ರದರ್ಶನಗಳನ್ನು ಸಿನಿಮಾ ಮಂದಿರಗಳಿಗೇ ನೇರವಾಗಿ ಕಳಿಸುತ್ತಿದೆ. ಆಳೆತ್ತರದ ಮುಖ, ಒಂದೊಂದು ಬೆವರಹನಿಯೂ ಕಾಣುತ್ತೆ. ಅಲ್ಲಿ ತುಟಿ ಕೂಡಿಸುವ ಆಟ ಇಲ್ಲ, ನಿಜವಾಗಿ ಹಾಡುತ್ತಲೇ ನಟಿಸಬೇಕು, 3,800 ಜನಕ್ಕೂ ಮುಟ್ಟಬೇಕು, ಮೂಗಿನ ತುದಿಯ ಕ್ಯಾಮೆರಾಕ್ಕೂ ಒಪ್ಪಬೇಕು. ಮೋಫೋ ಬೇರೆ ಬೇರೆಯಾಗಿ ಮಾಡಿದ್ದನ್ನು ಇವರು ಒಂದೇ ಸಂಜೆಯಲ್ಲಿ ಮಾಡಬೇಕು.

ಅದು ಶುರುವಾದಾಗ ಮೋಫೋ ಇರಲಿಲ್ಲ. ಅದೇ ವರ್ಷ ಮಾರ್ಚ್ 9ಕ್ಕೆ ನ್ಯೂಯಾರ್ಕಿನಲ್ಲಿ ತೀರಿಕೊಂಡಿದ್ದರು.

ಪ್ರಶ್ನೆ: ಒಪೆರಾ ನನಗೆ ಹೊಸದು, ಭಾಷೆಯೂ ಬರಲ್ಲ. ಮೋಫೋ ಕೇಳಬೇಕಂದ್ರೆ ಎಲ್ಲಿಂದ ಶುರು ಮಾಡಲಿ?

ಈ ಪ್ರಶ್ನೆ ಕೇಳಿದ್ದಕ್ಕೆ ಥ್ಯಾಂಕ್ಸ್. ನಾನು ಇವರನ್ನು ಮೊದಲು ಕೇಳಿದ್ದು ಬೇರೆಯವರಿಗಾಗಿ ತಗೊಂಡ ರೆಕಾರ್ಡಿಂಗ್‌ನಲ್ಲಿ. 1956ರ 'ಲಾ ಬೊಯೆಮ್', ಕಾಲಾಸ್ ಮಿಮಿಯಾಗಿ ಹಾಡಿದ್ದು. ಎರಡನೇ ಅಂಕದಲ್ಲಿ ಮುಸೆತ್ತಾ ಬರುತ್ತಾಳೆ, ಕೆಫೆಯಲ್ಲಿ ಕೂತ ಹಳೇ ಪ್ರೇಮಿಯನ್ನು ಕೆಣಕುತ್ತಾ ಒಂದು ವಾಲ್ಟ್ಸ್ ಹಾಡುತ್ತಾಳೆ. ಯಾರಿದು ಅಂತ ಕವರ್ ತಿರುಗಿಸಿ ನೋಡಿದೆ. ಅನ್ನಾ ಮೋಫೋ ಅಂತಿತ್ತು.

ಆದರೆ ನೀವು ಅಲ್ಲಿಂದ ಶುರು ಮಾಡಬೇಡಿ. 1964ರಲ್ಲಿ ಸ್ಟೊಕೊವ್‌ಸ್ಕಿ ನಡೆಸಿದ ವಾದ್ಯಮೇಳದ ಜೊತೆ ಮಾಡಿದ ರೆಕಾರ್ಡಿಂಗ್ ಹುಡುಕಿ, ಅದರಲ್ಲಿ ರಾಖ್ಮನಿನೋವ್ ಅವರ 'ವೋಕಲೀಸ್' ಇದೆ. ಅದರಲ್ಲಿ ಮಾತೇ ಇಲ್ಲ. ಒಂದೇ ಸ್ವರಾಕ್ಷರ ಹಿಡಿದು ಕೊನೇತನಕ ಹಾಡೋದು, ನಮ್ಮ ಆಲಾಪದ ಹಾಗೆ. ಭಾಷೆ ಬರಲ್ಲ ಅನ್ನೋ ತೊಂದರೆಯೇ ಇಲ್ಲ. ಉಸಿರು ಎಲ್ಲಿ ತಗೊಂಡರು ಅಂತ ಕಿವಿಗೊಟ್ಟು ಹುಡುಕಿ, ಸುಲಭಕ್ಕೆ ಸಿಗಲ್ಲ. ಆಮೇಲೆ ಜುಲೀನಿ ನಡೆಸಿಕೊಟ್ಟ 'ಫಿಗರೋನ ಮದುವೆ' ಕೇಳಿ, 1959ರದ್ದು, ಅದರಲ್ಲಿ ಇವರು ಸುಸಾನ್ನಾ. ಕೊನೇ ಅಂಕದಲ್ಲಿ ಕತ್ತಲ ತೋಟದಲ್ಲಿ ಅವಳು ಒಬ್ಬಳೇ ಹಾಡುವ ಹಾಡು ಬರುತ್ತೆ. ಪಿಟೀಲುಗಳನ್ನು ಬೆರಳಲ್ಲಿ ಮೀಟುತ್ತಿರುತ್ತಾರೆ, ಕೊಳಲು, ಓಬೋ, ಬಸೂನು ಒಂದೊಂದಾಗಿ ಮಾತಿಗೆ ಮಾತು ಸೇರಿಸುತ್ತವೆ, ಅವಳು ಯಾವುದನ್ನೂ ಎತ್ತಿ ಹಾಡಲ್ಲ. ಕ್ಯಾಮೆರಾ ಇಲ್ಲದೆಯೂ ಮುಖ ಕಾಣುತ್ತೆ. ಅಷ್ಟು ಹಿಡಿಸಿದರೆ 1963ರ ಶೋಲ್ಟಿ 'ರಿಗೊಲೆತ್ತೊ'. ಬಟರ್‌ಫ್ಲೈ ಕೊನೆಗೆ ಇಟ್ಟುಕೊಳ್ಳಿ, ಅದನ್ನು ಮಾತ್ರ ಕೇಳೋದರ ಜೊತೆಗೆ ನೋಡಿ. 1956ರ ಕಪ್ಪು-ಬಿಳುಪು ಟಿವಿ ಚಿತ್ರ ಉಳಿದಿದೆ. ಮುದ್ರಣ ಮಸುಕಾಗಿದೆ, ಆದರೆ ಎರಡನೇ ಅಂಕದಲ್ಲಿ ಅವಳು ಹಡಗಿನ ಹೊಗೆಗಾಗಿ ಕಾಯುತ್ತಾ ಹಾಡುವಾಗ ಆ ಕಣ್ಣುಗಳನ್ನು ನೋಡಿ.